ವ್ಯಾನ್ ಬಿಟ್ಟು ಇಳಿಜಾರು ಹಿಡಿದೆ: ಸಾಗಾ-ಅರಾಶಿಯಾಮಾ ಒಂದು ದಿನದ ಸುತ್ತು, ನನ್ನ ಅನುಭವ

ಜಪಾನಿನ ಕ್ಯೋಟೋದಲ್ಲಿ ನಮ್ಮ ಕನ್ನಡದ ಗುಂಪಿಗೆ ವ್ಯಾನ್ ಇಲ್ಲದೆ ದಿನ ದಾಟಿಸೋಕೆ ಆಗಲ್ಲ ಅನ್ನೋದು ಜೊತೆಯ ಗೈಡುಗಳ ವಾದ. ಅರವತ್ತು ದಾಟಿದವರು, ಸೀರೆ ಉಟ್ಟವರು, ಮಂಡಿ ನೋವಿನವರು, ಇವರನ್ನ ಹೇಗಪ್ಪಾ ನಡೆಸ್ತೀಯ ಅಂತ. ಕಳೆದ ಎರಡು ವರ್ಷದಲ್ಲಿ ಸುಮಾರು ನಲವತ್ತು ಗುಂಪು ವ್ಯಾನೂ ಇಲ್ಲದೆ, ಸಿಟಿ ಬಸ್ಸೂ ಇಲ್ಲದೆ ಸುತ್ತಿಸಿದ್ದೀನಿ. ಅರ್ಧಕ್ಕೆ ಬಿಟ್ಟು ಹೋಟೆಲಿಗೆ ಹೋದವರು ಮೂರೋ ನಾಲ್ಕೋ ಜನ. ಬೇಡ ಅಂದಿದ್ದ ಗೈಡುಗಳಲ್ಲೇ ಇಬ್ಬರು ಈಗ ನನ್ನ ವೇಳಾಪಟ್ಟಿ ಕೇಳ್ತಿದ್ದಾರೆ, ಅದಕ್ಕೇ ಇಷ್ಟು ಬರಹ.

ಹಳೆಯ ಪಟ್ಟಿ ಎಲ್ಲರಿಗೂ ಗೊತ್ತಿರೋದೇ: ಫುಶಿಮಿ ಇನಾರಿ, ಕಿಯೊಮಿಝು, ಕಿಂಕಾಕುಜಿ, ಅರಾಶಿಯಾಮಾ. ಮೊದಲ ಮೂರು ದೇವಸ್ಥಾನ, ಕೊನೆಯದು ಪಶ್ಚಿಮದಲ್ಲಿ ನದಿ ಪಕ್ಕದ ಪ್ರದೇಶ. ಮೊದಲೆರಡು ಊರಿನ ಆ ತುದಿ, ಕೊನೆಯೆರಡು ಈ ತುದಿ. ಹತ್ತು ಗಂಟೆಯ ಬಾಡಿಗೆಗೆ ವ್ಯಾನ್, ಡ್ರೈವರ್, ಪಾರ್ಕಿಂಗ್ ಎಲ್ಲ ಸೇರಿ 65ರಿಂದ 70 ಸಾವಿರ ಯೆನ್. ಒಂದು ದಿನ ವಾಚ್ ಹಿಡಿದು ಬರೆದುಕೊಂಡೆ: ಗಾಡಿಯೊಳಗೆ ಕೂತಿದ್ದೇ ಮೂರೂವರೆ ಗಂಟೆ, ಪಾರ್ಕಿಂಗಿನಿಂದ ದೇವಸ್ಥಾನಕ್ಕೆ ನಡೆದಿದ್ದು ಒಂದೂವರೆ ಗಂಟೆ. ಅಂದ್ರೆ ವ್ಯಾನ್ ಇದ್ದರೂ ನಡಿಗೆ ತಪ್ಪಲಿಲ್ಲ, ನಡೆದದ್ದು ಅಂಗಡಿ ಸಾಲಿನಲ್ಲಿ ಅಷ್ಟೆ.

ಆಮೇಲೆ ಸಿಟಿ ಬಸ್. ತಲೆಗೆ 230 ಯೆನ್, ಅಗ್ಗ. ಆದರೆ ನವೆಂಬರಿನಲ್ಲಿ ಎಂಟು ಜನ ಒಂದೇ ಬಸ್ಸಿಗೆ ಹತ್ತೋಕಾಗಲ್ಲ. ನಾಲ್ಕು ಜನ ಒಳಗೆ, ನಾಲ್ಕು ಜನ ಸ್ಟಾಪಿನಲ್ಲಿ. ಬಸ್ಸಿಗೆ ಮಾತ್ರ ಇದ್ದ ಒಂದು ದಿನದ ಪಾಸಿನ ಮಾರಾಟ 2023ರಲ್ಲೇ ನಿಂತಿತು. ಸಬ್‌ವೇ ಜೊತೆ ಸೇರಿದ್ದು 1,100 ಯೆನ್, ಸಬ್‌ವೇ ಅರಾಶಿಯಾಮಾ ಕಡೆ ಬರೋದೇ ಇಲ್ಲ. ಆ ಲೆಕ್ಕ ಅಲ್ಲಿಗೆ ಮುಗೀತು.

ಕೊನೆಗೆ ಊರಿನ ಪಶ್ಚಿಮದ ಒಂದು ಅಂಚನ್ನು ಮಾತ್ರ ಹಿಡಿದೆ. ಅದೂ ಎರಡು ಸಲ ಕೆಟ್ಟಿತು. ಮೊದಲ ಸಲ ಬಿದಿರುತೋಪಿನಿಂದ ಶುರುಮಾಡಿ ಉತ್ತರಕ್ಕೆ ಒತಾಗಿ ನೆನ್‌ಬುತ್ಸುಜಿ ದೇವಸ್ಥಾನದ ತನಕ ನಡೆಸಿದೆ. ರಸ್ತೆ ಉದ್ದಕ್ಕೂ ಏರು, ಕಣ್ಣಿಗೆ ಕಾಣಲ್ಲ, ಮಂಡಿಗೆ ಗೊತ್ತಾಗುತ್ತೆ. ಮುಕ್ಕಾಲು ದಾರಿಗೆ ಗುಂಪು ಕೂತುಬಿಟ್ಟಿತು. ಎರಡನೇ ಸಲ ತಿರುಗುಮುರುಗು: ಬೆಳಗ್ಗೆ ಮೊದಲೇ ಒತಾಗಿ, ಅಲ್ಲಿಂದ ಇಳಿಜಾರು. ಕಾಲಿಗೆ ಸುಖ, ಆದರೆ ಬಿದಿರುತೋಪು ತಲುಪೋ ಹೊತ್ತಿಗೆ ಹನ್ನೊಂದೂವರೆ. ಬಿದಿರಿನ ಬದಲು ಜನರ ತಲೆ ಕಾಣುತ್ತೆ. ಎರಡನ್ನೂ ಕತ್ತರಿಸಿ ಜೋಡಿಸಿದ ಮೇಲೇ ಸರಿಹೋಯ್ತು: ಬಿದಿರು ಮತ್ತು ತೆನ್‌ರ್ಯೂಜಿ ದೇವಸ್ಥಾನ ಬೆಳಗಿನ ತಂಪಲ್ಲಿ, ಆಮೇಲೆ ಹತ್ತು ನಿಮಿಷ ಟ್ಯಾಕ್ಸಿ ಹಿಡಿದು ಮೇಲಿನ ತುದಿಗೆ, ಅಲ್ಲಿಂದ ಮೂರು ಕಿಲೋಮೀಟರ್ ಇಳಿಜಾರಿನಲ್ಲಿ ನದಿಯವರೆಗೆ.

ರೈಲು 7:25ರ ಆಸುಪಾಸು. ಸಾಗಾನೋ ಲೈನ್ ಕ್ಯೋಟೋ ಸ್ಟೇಷನ್ನಿನ 32, 33ನೇ ಪ್ಲಾಟ್‌ಫಾರ್ಮಿನಿಂದ ಹೊರಡುತ್ತೆ, ಅದು ಪಶ್ಚಿಮದ ಕಟ್ಟಕಡೆ. ಶಿಂಕಾನ್ಸೆನ್ (ಬುಲೆಟ್ ರೈಲು) ಕಡೆಯ ಹಾಚಿಜೋ ಬಾಗಿಲಿನಲ್ಲಿ ಸೇರೋಣ ಅಂದ್ರೆ ಹತ್ತು ನಿಮಿಷ ದಂಡ. ಅದಕ್ಕೆ ನಾನು ಸೇರೋ ಜಾಗ ಪ್ಲಾಟ್‌ಫಾರ್ಮಿನ ಮೇಲೇ ಕೊಡ್ತೀನಿ. 240 ಯೆನ್, ಹದಿನೈದು-ಹದಿನಾರು ನಿಮಿಷ. ಇಳಿಯೋದು ಸಾಗಾ-ಅರಾಶಿಯಾಮಾ.

ಎಂಟಕ್ಕೆ ಬಿದಿರುತೋಪಿನಲ್ಲಿ ಇರಬೇಕು. ಎಂಟೂಕಾಲರ ತನಕ ಸದ್ದು ಕೇಳುತ್ತೆ, ಗಾಳಿಗೆ ಬಿದಿರು ಒಂದಕ್ಕೊಂದು ತಾಗೋ ಕಟಕಟ. ಎಂಟೂವರೆಯ ಮೇಲೆ ಕೇಳಲ್ಲ. ಕಾವಲಿನವರು ಹೇಳೋ ಮುಂಚೆ ನಾವೇ ಹೇಳಿಬಿಡೋದು ಒಳ್ಳೇದು: ಬಿದಿರಿನ ಮೇಲೆ ಹೆಸರು ಗೀರಬೇಡಿ. ಮರದ ಹಾಗೆ ತೊಗಟೆ ಬೆಳೆದು ಮುಚ್ಚಲ್ಲ, ಗೀರು ಬಿದಿರು ಸಾಯೋ ತನಕ ಇರುತ್ತೆ.

ತೆನ್‌ರ್ಯೂಜಿ ಎಂಟೂವರೆಗೆ ತೆರೆಯುತ್ತೆ, ತೋಟಕ್ಕೆ 500 ಯೆನ್. ಕಟ್ಟಡದೊಳಗೆ ಹೋದರೆ ಮೇಲೆ 300. ಇಲ್ಲಿ ಬೆಳಗ್ಗೆಯೇ ಬರೋಕೆ ಗದ್ದಲಕ್ಕಿಂತ ದೊಡ್ಡ ಕಾರಣ ಬೆಳಕು. ಸೋಗೆನ್‌ಚಿ ಕೊಳ ಹೋಜೋ ಅನ್ನೋ ಮುಖ್ಯ ಕಟ್ಟಡದ ಪಶ್ಚಿಮಕ್ಕಿದೆ, ಜಗಲಿಯಲ್ಲಿ ಕೂತವರು ಪಶ್ಚಿಮಕ್ಕೇ ನೋಡ್ತಾರೆ. ಬೆಳಗ್ಗೆ ಸೂರ್ಯ ಬೆನ್ನಿಗೆ, ಬೆಳಕು ನೇರ ಕಲ್ಲುಗಳ ಮೇಲೆ. ಮಧ್ಯಾಹ್ನ ಮೂರಕ್ಕೆ ಬಂದರೆ ಸೂರ್ಯ ಕಣ್ಣಿಗೇ ಹೊಡೆಯುತ್ತೆ, ಆಚೆ ದಡದ ಕಲ್ಲಿನ ಜಲಪಾತ ಕಪ್ಪು ಗುಡ್ಡೆ ಆಗುತ್ತೆ. ಆ ಜಲಪಾತವನ್ನ ತೋರಿಸದೆ ಬರಬೇಡಿ: ಮೀನು ಹತ್ತಿ ಡ್ರ್ಯಾಗನ್ ಆಗೋ ಕಥೆ, ಮೀನಿನ ಕಲ್ಲು ಮಧ್ಯದಲ್ಲಿದೆ. ಬೆರಳಿಟ್ಟು ತೋರಿಸಿದರೂ ಅರ್ಧ ಜನಕ್ಕೆ ಕಾಣಲ್ಲ. ನಾನು ಹಿಂದಿನ ರಾತ್ರಿಯೇ ಫೋನಿಗೆ ಗೆರೆ ಎಳೆದ ಫೋಟೋ ಕಳಿಸಿರ್ತೀನಿ.

ಇತಿಹಾಸ ನಾನು ಗೇಟಿನ ಹೊರಗೇ ನಾಲ್ಕು ವಾಕ್ಯದಲ್ಲಿ ಮುಗಿಸ್ತೀನಿ. 1339ರಲ್ಲಿ ಸೇನಾಧಿಪತಿ ಅಶಿಕಾಗಾ ತಕಾಉಜಿ, ತಾನೇ ಎದುರು ಹಾಕಿಕೊಂಡ ಗೋದೈಗೋ ಚಕ್ರವರ್ತಿಯ ಆತ್ಮಶಾಂತಿಗೆ ಕಟ್ಟಿಸಿದ್ದು. ದುಡ್ಡು ಸಾಲದೆ ಚೀನಾಕ್ಕೆ ವ್ಯಾಪಾರದ ಹಡಗು ಕಳಿಸಿದ್ರು. ಕಟ್ಟಡಗಳು ಎಂಟು ಸಲ ಸುಟ್ಟಿವೆ, ಈಗಿನವು ಹೆಚ್ಚಿನಂಶ ಮೇಜಿ ಕಾಲದವು (1868-1912). ಮೊದಲ ಗುರು ಮುಸೋ ಸೋಸೆಕಿಯ ತೋಟದ ರೂಪ ಮಾತ್ರ ಉಳಿದಿದೆ. ಇನ್ನು ಅಡುಗೆಮನೆ ಕಟ್ಟಡದ ಬಾಗಿಲಲ್ಲಿರೋ ದೊಡ್ಡ ದರುಮಾ ಚಿತ್ರದ ಮುಂದೆ ನಮ್ಮವರನ್ನ ಒಂದು ನಿಮಿಷ ನಿಲ್ಲಿಸಿ. ದರುಮಾ ಅಂದ್ರೆ ಬೋಧಿಧರ್ಮ, ಪರಂಪರೆ ಪ್ರಕಾರ ದಕ್ಷಿಣ ಭಾರತದವನು. ಧ್ಯಾನ ಚೀನಾದಲ್ಲಿ ಚಾನ್, ಇಲ್ಲಿ ಝೆನ್. ಇಷ್ಟು ಹೇಳಿದರೆ ಬೇರೆ ಸಿದ್ಧಾಂತ ಬೇಡವೇ ಬೇಡ, ತಾವೇ ಸುಮ್ಮನೆ ಕೂರ್ತಾರೆ.

ಹೊರಬರೋದು ಮುಂದಿನ ಗೇಟಿನಿಂದ. ಉತ್ತರದ ಬಾಗಿಲು ನೇರ ಬಿದಿರುತೋಪಿಗೆ ಬಿಡುತ್ತೆ, ಅಲ್ಲಿ ಟ್ಯಾಕ್ಸಿ ಸಿಗಲ್ಲ. ಎಂಟು ಜನಕ್ಕೆ ಎರಡು ಟ್ಯಾಕ್ಸಿ, ನಾನು ಸೇರಿದರೆ ಒಂಬತ್ತು. ಇದರಲ್ಲಿ ಒಮ್ಮೆ ಸಿಕ್ಕಿಬಿದ್ದು ಗುಂಪಿನ ಮಿತಿಯನ್ನ ಏಳಕ್ಕೆ ಇಳಿಸಿದೆ. ಒಂದು ಟ್ಯಾಕ್ಸಿಗೆ 1,500 ಯೆನ್ ಸುತ್ತಮುತ್ತ. ನವೆಂಬರ್ ಕೊನೆಯಲ್ಲಿ ಕೈ ಎತ್ತಿದರೆ ನಿಲ್ಲೋ ಟ್ಯಾಕ್ಸಿ ಇಲ್ಲ, ಆ್ಯಪ್‌ನಲ್ಲಿ ಹಿಂದಿನ ದಿನವೇ ಕಾದಿರಿಸಿ.

ಒತಾಗಿಯಲ್ಲಿ 1,200 ಕಲ್ಲಿನ ರಾಕಾನ್ ಮೂರ್ತಿಗಳು, ನಮ್ಮ ಅರ್ಹಂತರು. ಮೈತುಂಬ ಪಾಚಿ, ನೋಡಿದರೆ ಐನೂರು ವರ್ಷದ್ದು ಅನ್ನಿಸುತ್ತೆ. ಕೆತ್ತಿದ್ದು 1981ರಿಂದ 91ರೊಳಗೆ, ಅದೂ ಸಾಮಾನ್ಯ ಭಕ್ತರು, ಶಿಲ್ಪಿಯೂ ಆಗಿದ್ದ ಅಲ್ಲಿನ ಗುರು ನಿಶಿಮುರಾ ಕೋಚೋ ಹೇಳಿಕೊಟ್ಟಂತೆ. ಮೊದಲೇ ಹೇಳಿಬಿಟ್ಟರೆ ಮಜಾ ಹೋಗುತ್ತೆ. ಟೆನಿಸ್ ರಾಕೆಟ್ ಹಿಡಿದ ಮೂರ್ತಿ ಹುಡುಕಿ ಅಂತ ಬಿಡಿ, ಹುಡುಕಿದವರು ಬಂದು ಕೇಳಿದ ಮೇಲೆ ವರ್ಷ ಹೇಳಿ. ನಲವತ್ತು ನಿಮಿಷ ಗೊತ್ತಾಗದೆ ಹೋಗುತ್ತೆ. ಬುಧವಾರ ರಜೆ ಇರುತ್ತೆ, ಕಣಿವೆಯ ಪ್ರವಾಸಿ ರೈಲು ಟೊರೊಕ್ಕೋ ಕೂಡ ಹೆಚ್ಚಿನ ಬುಧವಾರ ಓಡಲ್ಲ. ನಾನು ಬುಧವಾರ ಈ ಸುತ್ತು ತೊಗೊಳ್ಳೋದೇ ಇಲ್ಲ.

ಅಲ್ಲಿಂದ ಇಳೀತಾ ಸಾಗಾ-ತೋರಿಇಮೋಟೋ ಬೀದಿ. ಹುಲ್ಲು ಹೊದಿಸಿದ ಮನೆಗಳು, ಅತಾಗೋ ದೇವಸ್ಥಾನದ ಕೆಂಪು ಕಮಾನು. ಕಾಲು ಗಂಟೆ ಸಾಕು. ಅದಾಶಿನೋ ನೆನ್‌ಬುತ್ಸುಜಿಯಲ್ಲಿ ಎಂಟು ಸಾವಿರದಷ್ಟು ಕಲ್ಲುಗಳು, ಹಿಂದಿನ ಕಾಲದಲ್ಲಿ ದಿಕ್ಕಿಲ್ಲದೆ ಸತ್ತವರ ಗೋರಿಗುರುತು. ಇಲ್ಲಿ ಸೂತಕದ ಭಾವನೆ ಇರೋ ಹಿರಿಯರು ಒಳಗೆ ಬರಲ್ಲ ಅಂದುಬಿಡ್ತಾರೆ. ಟಿಕೆಟ್ ತೊಗೊಳ್ಳೋ ಮುಂಚೆ ಹೇಳದೆ 500 ಯೆನ್‌ನಂತೆ ಐದು ಜನರದ್ದು ದಂಡವಾದ ಮೇಲೆ ಕಲಿತೆ. ಕಲ್ಲುಗಳ ಅಂಗಳದೊಳಗೆ ಫೋಟೋ ಇಲ್ಲ.

ಗಿಯೋಜಿ ದೇವಸ್ಥಾನ 300 ಯೆನ್, ಇಡೀ ದಿನದ ಅತಿ ಚಿಕ್ಕ ಜಾಗ, ಎಲ್ಲರೂ ಕೊನೆಗೆ ಹೊಗಳೋದು ಇದನ್ನೇ. ಮೇಪಲ್ ಮರದ ಕೆಳಗೆ ಪಾಚಿಯ ನೆಲ, ಅಷ್ಟೆ. ಮಲೆನಾಡಿನವರು ಮಾತ್ರ "ಇದು ನಮ್ಮ ಹಿತ್ತಲಲ್ಲೂ ಇದೆಯಲ್ಲ" ಅಂತಾರೆ. ಅವರಿಗೆ ಪಾಚಿಯ ಜಾತಿಗಳನ್ನ ಹೆಸರು ಬರೆದು ಜೋಡಿಸಿಟ್ಟಿರೋ ತಟ್ಟೆಗಳನ್ನ ತೋರಿಸಿ: ನಕ್ಷತ್ರದ ಹಾಗಿರೋದು, ಜರೀಗಿಡದ ಹಾಗಿರೋದು, ದಿಂಬಿನಂತೆ ಉಬ್ಬಿರೋದು. ಎಲೆ ಉದುರೋ ಕಾಲದಲ್ಲಿ ಗುಡಿಸದೆ ಬಿಟ್ಟರೆ ಎಲೆಯಡಿ ಬೆಳಕಿಲ್ಲದೆ ಪಾಚಿ ಸಾಯುತ್ತೆ, ಅದಕ್ಕೇ ಯಾವಾಗ ಹೋದರೂ ಒಬ್ಬರು ಕೈಪೊರಕೆ ಹಿಡಿದು ಬಗ್ಗಿರ್ತಾರೆ. ಮಳೆ ನಿಂತ ಒಂದು ಗಂಟೆಯೊಳಗೆ ಹೋದರೆ ಹಸಿರು ಬೇರೆಯೇ. ಜೂನ್ ಮಳೆಗೆ ಬುಕಿಂಗ್ ರದ್ದು ಮಾಡೋವ್ರಿಗೆ ನಾನು ಇದೊಂದೇ ಫೋಟೋ ಕಳಿಸೋದು.

ಜೋಜಾಕ್ಕೋಜಿ ದೇವಸ್ಥಾನ ಮೆಟ್ಟಿಲಿನ ಜಾಗ, ಮಂಡಿ ನೋವಿನವರಿಗೆ ಬೇಡ. 1620ರ ಪಗೋಡದ ಮೇಲ್ಗಡೆಯಿಂದ ಊರು ಕಾಣುತ್ತೆ. ಹತ್ತದವರು ಹತ್ತಿರದ ರಕುಶಿಶಾ ಗುಡಿಸಲ ಕಡೆ ಕೂತಿರ್ತಾರೆ, ಕವಿ ಬಾಶೋ 1691ರಲ್ಲಿ ತಂಗಿದ್ದ ಜಾಗ. ಮಳೆ ದಿನ ಕಲ್ಲು ಜಾರುತ್ತೆ, ಹತ್ತೋಕಿಂತ ಇಳಿಯೋದು ಕಷ್ಟ.

ಚಪ್ಪಲಿ ವಿಷಯ. ಬೂಟು ಬಿಚ್ಚಿ ಹಾಕೋದು ದಿನಕ್ಕೆ ಮೂರ್ನಾಲ್ಕು ಸಲ, ಲೇಸ್ ಇರೋ ಬೂಟಿಗೆ ಸಲಕ್ಕೆ ಐದು ನಿಮಿಷ. ಏಳು ಜನ ಅಂದ್ರೆ ಲೆಕ್ಕ ಹಾಕಿ. ಲೇಸ್ ಇಲ್ಲದ್ದು, ಸಾಕ್ಸ್ ಕಡ್ಡಾಯ. ಇನ್ನೊಂದು ಕಳ್ಳ ಸಮಯ ಗೋಶುಇನ್, ಅದೇ ದೇವಸ್ಥಾನದ ಮುದ್ರೆ-ಬರಹ. ಸಾಲು ನಿಂತರೆ ಇಪ್ಪತ್ತು ನಿಮಿಷ. ಒಂದೇ ಜಾಗದಲ್ಲಿ ಅಂತ ಬೆಳಗ್ಗೆಯೇ ಒಪ್ಪಿಸಿ. ಮೂತ್ರಾಲಯ ಎಲ್ಲೆಲ್ಲಿ ಚೆನ್ನಾಗಿದೆ ಅನ್ನೋ ನಕ್ಷೆ ನನ್ನದೇ ಇದೆ, ಅದನ್ನ ಇಲ್ಲಿ ಹಾಕಲ್ಲ. ಎರಡು ವರ್ಷದ ದುಡಿಮೆ ಅದು.

ಊಟದಲ್ಲಿ ನಾನು ಕಳಕೊಂಡಷ್ಟು ದುಡ್ಡು ಬೇರೆಲ್ಲೂ ಕಳಕೊಂಡಿಲ್ಲ. ಯುದೋಫು ಅಂದ್ರೆ ಬಿಸಿನೀರಲ್ಲಿ ತೋಫು, ಸಸ್ಯಾಹಾರವೇ ತಾನೇ ಅಂತ ಒಂದು ಹೋಟೆಲಿನಲ್ಲಿ ಎಂಟು ಜನಕ್ಕೆ ಹೇಳಿದ್ದೆ. ನೀರಿಗೆ ಕೊಂಬು ಅನ್ನೋ ಸಮುದ್ರದ ಸೊಪ್ಪು ಮಾತ್ರ, ಸರಿ. ಅದ್ದಿಕೊಳ್ಳೋ ಸೋಯಾದಲ್ಲಿ ಮೀನಿನ ಸಾರ. 25 ಸಾವಿರದಷ್ಟು ಬಿಲ್ಲು ನನ್ನ ಜೇಬಿಂದ ಹೋಯ್ತು. "ಸಸ್ಯಾಹಾರವಾ" ಅಂತ ಕೇಳಿದರೆ ಹೌದು ಅಂತಾರೆ, ಮೀನಿನ ಸಾರ ಅವರ ಲೆಕ್ಕದಲ್ಲಿ ಮೀನಲ್ಲ. "ಕತ್ಸುವೋ ದಾಶಿ ಹಾಇತ್ತೆಮಾಸು ಕಾ", ಅಂದ್ರೆ ಮೀನಿನ ಸಾರ (ದಾಶಿ) ಹಾಕಿದ್ದೀರಾ, ಅಂತ ನೇರ ಕೇಳಬೇಕು. ಇನಾರಿ ಸುಶಿಗೂ ಇದೇ ಗತಿ, ಚೀಲದಂಥ ಆ ಕರಿದ ತೋಫು ಸಾಮಾನ್ಯವಾಗಿ ದಾಶಿಯಲ್ಲೇ ಬೆಂದಿರುತ್ತೆ. ಈರುಳ್ಳಿ-ಬೆಳ್ಳುಳ್ಳಿಯೂ ಬಿಟ್ಟವರಿಗೆ ತೆನ್‌ರ್ಯೂಜಿ ಒಳಗಿನ ಶಿಗೆತ್ಸು ಹೋಟೆಲಿನ ಶೋಜಿನ್ ಊಟ (ಬೌದ್ಧ ಸನ್ಯಾಸಿಗಳ ಸಸ್ಯಾಹಾರ) ನಿಶ್ಚಿಂತೆ, ಆದರೆ ಅದು ಹನ್ನೊಂದರ ಮೇಲೆ, ನಮ್ಮ ಇಳಿಜಾರಿನ ವೇಳೆಗೆ ಕೂಡಲ್ಲ.

ಈಗ ಬುತ್ತಿ. ಅಪಾರ್ಟ್‌ಮೆಂಟಿನಲ್ಲಿ ಇಳಿದ ಗುಂಪಾದರೆ ಚಿತ್ರಾನ್ನ ಅವರೇ ಮಾಡ್ಕೋತಾರೆ. ಇಲ್ಲಿನ ಅಕ್ಕಿ ಅಂಟು, ಮಾಮೂಲಿ ನೀರು ಇಟ್ಟರೆ ಉಂಡೆ ಆಗುತ್ತೆ. ನಾಲ್ಕೈದು ಸಲ ತೊಳೆದು, ಒಂದು ಲೋಟ ಅಕ್ಕಿಗೆ ಮುಕ್ಕಾಲರಿಂದ ಒಂದು ಲೋಟದೊಳಗೆ ನೀರು, ಬೆಂದ ತಕ್ಷಣ ಅಗಲ ತಟ್ಟೆಗೆ ಹರವಿ ಒಂದು ಚಮಚ ಎಣ್ಣೆ. ಪೂರ್ತಿ ಆರಿದ ಮೇಲೇ ಒಗ್ಗರಣೆ. ಜುಲೈ-ಆಗಸ್ಟಲ್ಲಿ ತೆಂಗಿನತುರಿ ಬೇಡ, ಹತ್ತಕ್ಕೇ ಹಳಸುತ್ತೆ. ತಿನ್ನೋ ಜಾಗ ಕಾಮೆಯಾಮಾ ಪಾರ್ಕಿನ ಮರದಡಿ. ನದಿ ದಂಡೆಯ ಬಯಲಿನಲ್ಲಿ ಬಿಚ್ಚಬೇಡಿ, ಹದ್ದು ಹಿಂದಿನಿಂದ ಎರಗಿ ಕೈಯಿಂದಲೇ ಕಿತ್ತುಕೊಂಡು ಹೋಗುತ್ತೆ. ಕಸದ ತೊಟ್ಟಿ ಹುಡುಕಿದರೂ ಸಿಗಲ್ಲ, ಚೀಲ ನಿಮ್ಮದೇ. ಪಾರ್ಕಿನ ಮೇಲ್ತುದಿಯಿಂದ ಹೊಝು ಕಣಿವೆ ಕೆಳಗೆ ಕಾಣುತ್ತೆ, ದೋಣಿಗಳು ಇಳೀತಿರ್ತವೆ. ಪುಕ್ಕಟೆ.

ದುಡ್ಡಿನ ಲೆಕ್ಕ. ಟಿಕೆಟ್, ರೈಲು, ಟ್ಯಾಕ್ಸಿ ಸೇರಿ ತಲೆಗೆ ಮೂರೂಕಾಲು ಸಾವಿರ ಯೆನ್ ಆಗುತ್ತೆ. ನನ್ನ ಫೀಸು ಗುಂಪಿಗೆ 32 ಸಾವಿರ. ವ್ಯಾನ್ ದಿನಗಳಲ್ಲಿ ಫೀಸು ಸೇರಿ ಲಕ್ಷದ ಆಸುಪಾಸು ಆಗ್ತಿತ್ತು. 2018ರ ಜನವರಿಯಿಂದ ಲೈಸೆನ್ಸ್ ಇಲ್ಲದವರೂ ದುಡ್ಡಿಗೆ ಗೈಡ್ ಮಾಡಬಹುದು, ಸರ್ಕಾರಿ ಪರವಾನಗಿಯ ಆ ಬಿರುದು ಹಾಕಿಕೊಳ್ಳುವಂತಿಲ್ಲ ಅಷ್ಟೆ. ಆ ಪರೀಕ್ಷೆಯ ಭಾಷೆಗಳಲ್ಲಿ ಕನ್ನಡ ಇಲ್ಲ. ಆದರೆ ಗಾಡಿ, ಹೋಟೆಲು ಕಟ್ಟಿ ಪ್ಯಾಕೇಜ್ ಮಾರೋಕೆ ಟ್ರಾವೆಲ್ ಏಜೆನ್ಸಿ ನೋಂದಣಿ ಬೇಕು, ಸ್ವಂತ ಗಾಡಿಯಲ್ಲಿ ಬಾಡಿಗೆಗೆ ಕೂರಿಸೋದು ಅಪರಾಧ. ಅದಕ್ಕೆ ನಾನು ಫೀಸು ಮಾತ್ರ ಮುಟ್ಟೋದು. ಬೆಳಗ್ಗೆ ತಲೆಗೆ ಮೂರೂವರೆ ಸಾವಿರ ಒಟ್ಟುಮಾಡಿ ಗುಂಪಿನಲ್ಲೇ ಒಬ್ಬ ಅಮ್ಮನ ಕೈಗೆ ಪರ್ಸ್ ಕೊಡಿಸ್ತೀನಿ. ಚಿಕ್ಕ ದೇವಸ್ಥಾನಗಳಲ್ಲಿ ನಗದೇ ಬೇಕು, ನೂರರ ನಾಣ್ಯ ಹೆಚ್ಚಿರಲಿ.

ಅಕ್ಕಪಕ್ಕದ ಪ್ರಯೋಗಗಳೂ ಆದವು. ಅದಾಶಿನೋ ಬೇಡ ಅನ್ನೋವ್ರಿಗೆ ಓಕೋಚಿ ಸಾನ್ಸೋ, ಹಳೆಯ ಸಿನಿಮಾ ನಟರೊಬ್ಬರ ತೋಟದ ಮನೆ, 1,000 ಯೆನ್, ಮಚ್ಚಾ (ಹಸಿರು ಚಹಾ) ಮತ್ತು ಸಿಹಿ ಸೇರಿ. ಹಿರಿಯರಿಗೆ ಕೂರೋಕೆ ಒಳ್ಳೇದು. ಟೊರೊಕ್ಕೋ ರೈಲು 880 ಯೆನ್, ಇಪ್ಪತ್ತೈದು ನಿಮಿಷ. ಹೋಗಿಬರೋದು ಎರಡೂ ಅದರಲ್ಲೇ ಬೇಡ, ಕಾಮೆಓಕಾ ತುದಿಯಲ್ಲಿ ಇಳಿದು ಹತ್ತು ನಿಮಿಷ ನಡೆದರೆ ಉಮಾಹೊರಿ ಸ್ಟೇಷನ್, ಅಲ್ಲಿಂದ ಜೆಆರ್ ರೈಲು ಹಿಡಿದು ವಾಪಸ್. ಯಾವ ಬದಿಯ ಸೀಟು ಅಂತ ಕೇಳಬೇಡಿ, ಹೇಳಲ್ಲ.

ಎರಡೂವರೆಗೆ ತೊಗೆತ್ಸುಕ್ಯೋ ಸೇತುವೆ. 155 ಮೀಟರ್, ಕಂಬಿ ಮರದ್ದು, ಕೆಳಗಿನದು 1934ರ ಕಾಂಕ್ರೀಟು. ಇನ್ನೂ ಕಾಲಿದ್ದವರಿಗೆ ರಾಂದೆನ್ ಟ್ರಾಮ್ ಹಿಡಿದು, ಕತಾಬಿರಾನೊತ್ಸುಜಿಯಲ್ಲಿ ಬದಲಿಸಿ ರ್ಯೋಆನ್‌ಜಿ ದೇವಸ್ಥಾನದ ಕಲ್ಲಿನ ತೋಟ ಸೇರಿಸಬಹುದು. ಹದಿನೈದು ಕಲ್ಲಿನಲ್ಲಿ ಎಲ್ಲಿ ಕೂತರೂ ಒಂದಾದರೂ ಮರೆಯಾಗುತ್ತೆ ಅಂದ ಕೂಡಲೇ ದಣಿದವರೂ ಎದ್ದು ಎಣಿಸ್ತಾರೆ. ಮಾರ್ಚಿನಿಂದ ನವೆಂಬರ್ ತನಕ ಐದಕ್ಕೆ ಮುಚ್ಚುತ್ತೆ. ಡಿಸೆಂಬರಿನಿಂದ ಫೆಬ್ರವರಿ ತನಕ ನಾಲ್ಕೂವರೆಗೇ, ಆ ಮೂರು ತಿಂಗಳು ಸೇರಿಸೋಕೆ ಹೋಗಬೇಡಿ. ಸೇತುವೆಯಿಂದಲೇ ಸ್ಟೇಷನ್ನಿಗೆ ಕರೆದುಕೊಂಡು ಹೋಗಿ.