ನಗದೇ ನಗಿಸುವವರ ಮಾತು ಹಿಡಿಯುವುದು ಹೇಗೆ?

ಯಾರೋ ಗಂಭೀರವಾಗಿ ಏನೋ ಹೇಳುತ್ತಾರೆ. ತಮಾಷೆಯೋ ನಿಜವೋ ಗೊತ್ತಾಗುವುದಿಲ್ಲ. ಆಗ ಮುಖ ನೋಡಬೇಡಿ, ಅಲ್ಲಿ ಏನೂ ಸಿಗುವುದಿಲ್ಲ. ಆಡಿದ ಮಾತನ್ನೂ ಎದುರಿಗೆ ನಡೆಯುತ್ತಿರುವುದನ್ನೂ ಪಕ್ಕಪಕ್ಕ ಇಟ್ಟು ನೋಡಿ.

ನನ್ನ ಸೋದರಮಾವ ಇದರಲ್ಲಿ ಪಳಗಿದ ಕೈ. ಹೊಸ ಬಾಡಿಗೆ ಮನೆಗೆ ಹೋದ ವಾರವೇ ಜೋರು ಮಳೆ. ಹಾಲ್‌ನ ಚಾವಣಿ ತೊಟ್ಟಿಕ್ಕತೊಡಗಿತು. ಮಾವ ಎದ್ದು, ಬಕೆಟ್ ತಂದಿಟ್ಟು, ಮತ್ತೆ ಪೇಪರ್ ಬಿಡಿಸಿಕೊಂಡರು. "ಓನರ್ ಹೇಳಿದ್ದು ನಿಜ ಕಣೋ. ಇಪ್ಪತ್ನಾಲ್ಕು ಗಂಟೆ ನೀರು." ತಲೆ ಎತ್ತಲಿಲ್ಲ. ಒಳಗಿಂದ ಅತ್ತೆ, "ಮೋಟಾರ್ ಹಾಕೋ ಕೆಲಸಾನೂ ಇಲ್ಲ" ಅಂದರು.

ಗಮನಿಸಿ, ಬೈಯಬೇಕಾದ ಕಡೆ ಇಬ್ಬರೂ ಹೊಗಳುತ್ತಿದ್ದಾರೆ. ನಗು ಹುಟ್ಟುವುದು ಆ ಸಂದಿಯಲ್ಲೇ. "ಅಯ್ಯೋ, ಮನೆಯೆಲ್ಲ ಕೆರೆಯಾಯ್ತು!" ಎಂದು ಕೂಗಿದ್ದರೂ ನಗು ಬರುತ್ತಿತ್ತೇನೋ, ಆದರೆ ಅದು ಬೇರೆ ಜಾತಿಯ ತಮಾಷೆ. ಇನ್ನು ಅತ್ತೆಯ ಉತ್ತರ. ಇಂಥ ಮಾತಿಗೆ ಅದೇ ದನಿಯಲ್ಲಿ ಒಂದು ಸೇರಿಸುವುದಕ್ಕಿಂತ ಒಳ್ಳೆಯ ಮೆಚ್ಚುಗೆ ಇಲ್ಲ.

ಹೇಳುವವರೇ ನಕ್ಕುಬಿಟ್ಟರೆ ಕೇಳುವವರಿಗೆ ಕಂಡುಹಿಡಿಯಲು ಏನೂ ಉಳಿಯುವುದಿಲ್ಲ. ಮೂಕಿ ಚಿತ್ರಗಳ ಹಾಸ್ಯನಟ ಬಸ್ಟರ್ ಕೀಟನ್‌ಗೆ ಇದು ಹುಡುಗನಾಗಿದ್ದಾಗಲೇ, ಅಪ್ಪ ಅಮ್ಮನ ಜೊತೆ ವೇದಿಕೆ ಹತ್ತುತ್ತಿದ್ದಾಗಲೇ ತಿಳಿದಿತ್ತು: ತಾನು ನಕ್ಕರೆ ಜನ ಕಡಿಮೆ ನಗುತ್ತಾರೆ. 1928ರ ಒಂದು ಚಿತ್ರದಲ್ಲಿ ಮನೆಯ ಇಡೀ ಮುಂಗೋಡೆ ಅವನ ಮೇಲೆ ಬೀಳುತ್ತದೆ. ಕಿಟಕಿಯ ಕಿಂಡಿ ಸರಿಯಾಗಿ ಅವನ ತಲೆಯ ಮೇಲೆ ಬಂದಿದ್ದರಿಂದ ಬಚಾವ್. ಬೀಳುವಾಗ ಆ ಮುಖದಲ್ಲಿ ಗಾಬರಿ ಹುಡುಕಿ ನೋಡಿ, ಸಿಗುವುದಿಲ್ಲ.

ನೀವೇ ಹೇಳಬೇಕೆಂದರೆ, ಟೈಮ್ ಎಷ್ಟಾಯ್ತು ಎಂದು ಹೇಳುವ ದನಿ ಸಾಕು. ಚಿಕ್ಕದಾಗಿ ಹೇಳಿ, ಕೈಯಲ್ಲಿದ್ದ ಕೆಲಸ ಮುಂದುವರಿಸಿ. ಯಾರಾದರೂ ನಕ್ಕರಾ ಎಂದು ಕಣ್ಣು ಹಾಯಿಸಬೇಡಿ. ಯಾರಿಗೂ ಅರ್ಥವಾಗಲಿಲ್ಲವಾ? ಆಗಲೂ "ಸುಮ್ನೆ ತಮಾಷೆಗೆ ಅಂದೆ" ಅನ್ನಬೇಡಿ. ಕೆಲವರು ರಾತ್ರಿ ಮಲಗುವ ಹೊತ್ತಿಗೆ ನಗುತ್ತಾರೆ, ಅದೂ ಲೆಕ್ಕಕ್ಕೆ ಬರುತ್ತದೆ. ಎದುರಿಗಿದ್ದವರನ್ನು ಸಣ್ಣವರನ್ನಾಗಿ ಮಾಡಿದರೆ ಮಾತ್ರ ಅದು ಚುಚ್ಚುಮಾತು, ಮುಖ ಎಷ್ಟೇ ಗಂಭೀರವಾಗಿರಲಿ.

ವಾಟ್ಸಾಪ್‌ನಲ್ಲಿ ಜಾಸ್ತಿ ಹುಷಾರಾಗಿರಿ. ಅಲ್ಲಿ ದನಿ ಕೇಳಿಸುವುದಿಲ್ಲ, ಬರೆದದ್ದನ್ನು ಬರೆದ ಹಾಗೇ ನಂಬಿಬಿಡುತ್ತಾರೆ. ನಿಮ್ಮ ಮಾತಿನ ಧಾಟಿ ಗೊತ್ತಿದ್ದವರಿಗೆ ಕಳಿಸಿ, ಉಳಿದವರಿಗೆ ಫೋನ್ ಮಾಡಿ ಹೇಳಿ.