ಪಿಎಸ್‌ಪಿಯಲ್ಲಿ ಹೋಂಬ್ರೂ ಆಟಗಳನ್ನು ಹಾಕಿಕೊಳ್ಳುವ ಬಗೆ

ಸೋನಿ ಕಂಪನಿಯ ಪ್ಲೇಸ್ಟೇಷನ್ ಪೋರ್ಟಬಲ್, ಎಲ್ಲರ ಬಾಯಲ್ಲಿ ಪಿಎಸ್‌ಪಿ, ಜಪಾನಿನ ಮಾರುಕಟ್ಟೆಗೆ ಬಂದದ್ದು 2004ರ ಡಿಸೆಂಬರಿನಲ್ಲಿ. ಅದಕ್ಕೆ ಅಂಗಡಿಯ ಆಟಗಳು ಬರುವುದು ನಿಂತು ವರ್ಷಗಳೇ ಆದವು. ಆದರೆ ಹವ್ಯಾಸಿಗಳು ಸ್ವಂತ ಆಸಕ್ತಿಯಿಂದ ಬರೆದು ಉಚಿತವಾಗಿ ಹಂಚುವ ಆಟಗಳು, ಅಂದರೆ ಹೋಂಬ್ರೂ, ಇಂದಿಗೂ ಸಿಗುತ್ತವೆ, ಮತ್ತು ಮೂಲೆ ಸೇರಿದ್ದ ಎಷ್ಟೋ ಪಿಎಸ್‌ಪಿಗಳು ಮತ್ತೆ ಕೈಗೆ ಬಂದದ್ದು ಅವುಗಳಿಂದಲೇ. ನಿಮ್ಮ ಪಿಎಸ್‌ಪಿಯಲ್ಲಿ ಕಸ್ಟಮ್ ಫರ್ಮ್‌ವೇರ್, ಅಂದರೆ ಯಂತ್ರವನ್ನು ನಡೆಸುವ ಸೋನಿಯ ಮೂಲ ತಂತ್ರಾಂಶವನ್ನು ಹವ್ಯಾಸಿಗಳು ಮಾರ್ಪಡಿಸಿದ ರೂಪ, ಈಗಾಗಲೇ ಇದೆ ಎಂದುಕೊಂಡು, ಅದಕ್ಕೆ ಆಟಗಳನ್ನು ಸೇರಿಸುವ ಕ್ರಮವನ್ನಷ್ಟೇ ಇಲ್ಲಿ ವಿವರಿಸಿದ್ದೇನೆ. ಹಣ ಕೊಟ್ಟು ಕೊಳ್ಳಬೇಕಾದ ಆಟಗಳ ನಕಲು ಪ್ರತಿಗಳ ವಿಷಯ ಬೇರೆ; ಅದಕ್ಕೂ ಹೋಂಬ್ರೂಗೂ ಸಂಬಂಧವಿಲ್ಲ, ಈ ಬರಹಕ್ಕೂ ಇಲ್ಲ.

ಕೆಲಸ ದೊಡ್ಡದೇನಲ್ಲ. ಆದರೂ "ಆಟ ಹಾಕಿದೆ, ಬರುತ್ತಿಲ್ಲ" ಎಂದು ನನ್ನ ಬಳಿ ಯಂತ್ರ ತಂದವರಲ್ಲಿ ಬಹುತೇಕರ ತೊಂದರೆ ಒಂದೇ ಆಗಿತ್ತು: ಕಡತ ಇರಬೇಕಾದ ಫೋಲ್ಡರಿನಲ್ಲಿ ಇರಲಿಲ್ಲ. ಪಿಎಸ್‌ಪಿ ಆಟವನ್ನು ಹುಡುಕಿಕೊಂಡು ಕಾರ್ಡೆಲ್ಲ ತಿರುಗುವ ಯಂತ್ರವಲ್ಲ. ಒಂದು ನಿಗದಿತ ಜಾಗದಲ್ಲಿ, ಒಂದು ನಿಗದಿತ ಹೆಸರಿನ ಕಡತ ಇದೆಯೇ ಎಂದು ನೋಡುತ್ತದೆ, ಇಲ್ಲದಿದ್ದರೆ ಮುಂದಕ್ಕೆ ಹೋಗುತ್ತದೆ. ಇಷ್ಟು ಮನಸ್ಸಿನಲ್ಲಿದ್ದರೆ ಮುಂದಿನದೆಲ್ಲ ಸುಲಭ.

ಮೊದಲು ಯಂತ್ರವನ್ನೇ ನೋಡಿಕೊಳ್ಳಿ. ಬ್ಯಾಟರಿ ಇರುವ ಕಡೆಯ ಹಿಂಬದಿ ಮುಚ್ಚಳ ಸ್ವಲ್ಪವಾದರೂ ಉಬ್ಬಿದ್ದರೆ ಬೇರೆ ಯಾವ ಕೆಲಸಕ್ಕೂ ಕೈಹಾಕದೆ ಬ್ಯಾಟರಿಯನ್ನು ಹೊರತೆಗೆಯಿರಿ. ಹಳೆಯ ಪಿಎಸ್‌ಪಿಗಳಲ್ಲಿ ಊದಿಕೊಂಡ ಬ್ಯಾಟರಿ ಸಾಮಾನ್ಯ, ಅದನ್ನು ಚಾರ್ಜ್ ಮಾಡುವುದು ಅಪಾಯ. ಬ್ಯಾಟರಿ ಸರಿಯಿದ್ದರೆ ಸೆಟ್ಟಿಂಗ್ಸ್, ಅದರೊಳಗೆ ಸಿಸ್ಟಮ್ ಸೆಟ್ಟಿಂಗ್ಸ್, ಅದರೊಳಗೆ ಸಿಸ್ಟಮ್ ಇನ್ಫರ್ಮೇಷನ್ ತೆರೆದು ಫರ್ಮ್‌ವೇರ್ ಸಂಖ್ಯೆಯನ್ನು ಓದಿ. ಸೋನಿ ಹೊರತಂದ ಕೊನೆಯ ಆವೃತ್ತಿ 6.61, ಅದು 2015ರದು. ಅದಕ್ಕೆ ಹಿಂದಿನದು 6.60. ಆ ಅಂಕಿಯ ಪಕ್ಕದಲ್ಲಿ ಪ್ರೊ, ಎಲ್‌ಎಂಇ ಅಥವಾ ಆರ್ಕ್ ಎಂಬಂಥ ಹೆಸರು ಕಂಡರೆ ಕಸ್ಟಮ್ ಫರ್ಮ್‌ವೇರ್ ಚಾಲನೆಯಲ್ಲಿದೆ ಎಂದರ್ಥ. ಬರೀ ಅಂಕಿ ಕಂಡರೆ ಚಾಲನೆಯಲ್ಲಿಲ್ಲ.

ಇದ್ದದ್ದು ಇಲ್ಲವಾಗುವುದು ಹೇಗೆ ಎಂದು ಹಲವರು ಗಾಬರಿಯಾಗುತ್ತಾರೆ. 1000 ಸರಣಿಯ ಯಂತ್ರಗಳಲ್ಲೂ 2000 ಸರಣಿಯ ಮೊದಮೊದಲ ಯಂತ್ರಗಳಲ್ಲೂ ಕಸ್ಟಮ್ ಫರ್ಮ್‌ವೇರನ್ನು ಶಾಶ್ವತವಾಗಿ ಕೂರಿಸುವುದು ಹಿಂದಿನಿಂದಲೂ ಸಾಧ್ಯವಿತ್ತು. 3000, ಗೋ ಮತ್ತು ಇ1000 ಮಾದರಿಗಳಲ್ಲಿ ಬಹುಕಾಲ ಹಾಗಿರಲಿಲ್ಲ. ಅಲ್ಲಿ ಕಸ್ಟಮ್ ಫರ್ಮ್‌ವೇರ್ ಯಂತ್ರದ ತಾತ್ಕಾಲಿಕ ನೆನಪಿನಲ್ಲಷ್ಟೇ ಕುಳಿತಿರುತ್ತಿತ್ತು. ಪವರ್ ಗುಂಡಿಯನ್ನು ಒಮ್ಮೆ ಸರಿಸಿ ಬಿಟ್ಟರೆ ಯಂತ್ರ ನಿದ್ದೆಗೆ ಹೋಗುತ್ತದೆ, ಆಗ ಏನೂ ಕಳೆದುಹೋಗುವುದಿಲ್ಲ. ಅದನ್ನೇ ಕೆಲವು ಸೆಕೆಂಡು ಒತ್ತಿ ಹಿಡಿದರೆ ಯಂತ್ರ ಪೂರ್ತಿ ಆರುತ್ತದೆ, ಜೊತೆಗೆ ಕಸ್ಟಮ್ ಫರ್ಮ್‌ವೇರೂ ಹೋಗುತ್ತದೆ. ಅಂಥ ಯಂತ್ರವಾದರೆ ಗೇಮ್ ಪಟ್ಟಿಯಲ್ಲಿ ಇರುವ ಲೋಡರ್ ಅಥವಾ ಫಾಸ್ಟ್ ರಿಕವರಿ ಎಂಬುದನ್ನು ಒಮ್ಮೆ ನಡೆಸಿದರೆ ಎಲ್ಲ ಮರಳುತ್ತದೆ. ಹೋಂಬ್ರೂ ತೆರೆದಾಗ 80020148 ಎಂಬ ಸಂಖ್ಯೆಯೊಡನೆ ಆಟ ಶುರುವಾಗಲಿಲ್ಲ ಎಂಬ ಸಂದೇಶ ಬಂದರೆ ಮೊದಲು ಅನುಮಾನಿಸಬೇಕಾದದ್ದು ಇದನ್ನೇ. ಸೋನಿಯ ಸಹಿ ಇಲ್ಲದ ಕಡತವನ್ನು ಮೂಲ ಫರ್ಮ್‌ವೇರ್ ನಡೆಸುವುದಿಲ್ಲ, ಅಷ್ಟೇ. ಆಟವನ್ನು ಅಳಿಸಿ ಮತ್ತೆ ಹಾಕಿ ಕಾಲ ಕಳೆಯಬೇಡಿ.

ಇನ್ನು ಕಾರ್ಡಿನ ಮಾತು. ಗೋ ಮಾದರಿಯನ್ನು ಬಿಟ್ಟರೆ ಪಿಎಸ್‌ಪಿಗೆ ಬೇಕಾದದ್ದು ಮೆಮೊರಿ ಸ್ಟಿಕ್ ಪ್ರೊ ಡುಯೊ. ಈಗ ಅಸಲಿ ಸ್ಟಿಕ್ ಹುಡುಕುವುದಕ್ಕಿಂತ, ಮೈಕ್ರೊ ಎಸ್‌ಡಿ ಕಾರ್ಡನ್ನು ಪ್ರೊ ಡುಯೊ ಆಕಾರಕ್ಕೆ ಬದಲಿಸುವ ಅಡಾಪ್ಟರ್ ಕೊಳ್ಳುವುದೇ ಲೇಸು. ಎರಡು ಕಾರ್ಡ್ ಹಿಡಿಸುವ ಅಡಾಪ್ಟರುಗಳೂ ಇವೆ. ಅವು ಎರಡೂ ಕಾರ್ಡುಗಳನ್ನು ಸೇರಿಸಿ ಒಂದೇ ಎಂಬಂತೆ ಬಳಸುವುದರಿಂದ ಒಂದು ಕೆಟ್ಟರೆ ಎರಡರಲ್ಲಿರುವುದೂ ಹೋಗುತ್ತದೆ. ನನಗೆ ಒಂದೇ ಕಾರ್ಡಿನದು ಸಾಕೆನಿಸಿದೆ. ಹೋಂಬ್ರೂ ಆಟಗಳು ಹೆಚ್ಚಾಗಿ ಕೆಲವೇ ಎಂಬಿ ಗಾತ್ರದವು, 8 ಅಥವಾ 16 ಜಿಬಿ ಇದ್ದರೆ ಧಾರಾಳ. ಕಡಿಮೆ ಬೆಲೆಗೆ ಸಿಗುವ ಕಾರ್ಡುಗಳಲ್ಲಿ ಹೊರಗೆ ಒಂದು ಗಾತ್ರ ಬರೆದು ಒಳಗೆ ಅದರ ಕಾಲು ಭಾಗವೂ ಇಲ್ಲದ ನಕಲಿಗಳು ಇರುತ್ತವೆ. ಒಂದು ಸಣ್ಣ ಅಂಗಡಿಯಲ್ಲಿ ನಾನು ಕೊಂಡ ಕಾರ್ಡ್ ಮೊದಲ ಕೆಲವು ಆಟಗಳನ್ನು ಸರಿಯಾಗಿ ನಡೆಸಿ, ಆಮೇಲೆ ಹಾಕಿದ್ದನ್ನೆಲ್ಲ ಕೆಟ್ಟ ಕಡತವೆಂದು ತೋರಿಸತೊಡಗಿತು. ಯಂತ್ರವೇ ಹಾಳಾಯಿತೆಂದು ಒಂದು ವಾರ ತಲೆ ಕೆಡಿಸಿಕೊಂಡಿದ್ದೆ. ಹೊಸ ಕಾರ್ಡನ್ನು ವಿಂಡೋಸ್‌ನಲ್ಲಾದರೆ ಎಚ್2ಟೆಸ್ಟ್‌ಡಬ್ಲ್ಯು, ಲಿನಕ್ಸ್‌ನಲ್ಲಾದರೆ ಎಫ್3 ಎಂಬ ಉಚಿತ ತಂತ್ರಾಂಶದಿಂದ ಒಮ್ಮೆ ಪೂರ್ತಿ ಬರೆಸಿ ಓದಿಸಿ ನೋಡಿದರೆ ಈ ಗೋಳು ತಪ್ಪುತ್ತದೆ.

ಕಾರ್ಡನ್ನು ಫಾರ್ಮ್ಯಾಟ್ ಮಾಡುವ ಕೆಲಸವನ್ನು ಕಂಪ್ಯೂಟರಿಗಿಂತ ಪಿಎಸ್‌ಪಿಗೇ ಬಿಡಿ. ಸಿಸ್ಟಮ್ ಸೆಟ್ಟಿಂಗ್ಸ್‌ನಲ್ಲಿ ಫಾರ್ಮ್ಯಾಟ್ ಮೆಮೊರಿ ಸ್ಟಿಕ್ ಎಂಬ ಆಯ್ಕೆಯಿದೆ. ಯಂತ್ರಕ್ಕೆ ಅರ್ಥವಾಗುವುದು ಫ್ಯಾಟ್32 ವಿನ್ಯಾಸ. 64 ಜಿಬಿ ಕಾರ್ಡುಗಳು ಅಂಗಡಿಯಿಂದ ಬರುವ ಎಕ್ಸ್‌ಫ್ಯಾಟ್ ಅದಕ್ಕೆ ಅರ್ಥವಾಗದು. ಫಾರ್ಮ್ಯಾಟ್ ಎಂದರೆ ಇರುವುದೆಲ್ಲ ಅಳಿಸಿಹೋಗುತ್ತದೆ ಎಂಬುದು ನೆನಪಿರಲಿ. ಲೋಡರ್ ಬೇಕಾಗುವ ಯಂತ್ರವಾಗಿದ್ದರೆ ಲೋಡರಿನ ಫೋಲ್ಡರನ್ನು ಮೊದಲೇ ಕಂಪ್ಯೂಟರಿಗೆ ನಕಲಿಸಿಕೊಳ್ಳಿ. ಆರ್ಕ್‌ನಂಥ ಫರ್ಮ್‌ವೇರ್ ಸೇವ್‌ಡೇಟಾ ಫೋಲ್ಡರಿನಲ್ಲೂ ತನ್ನ ಕಡತಗಳನ್ನು ಇಟ್ಟಿರುತ್ತದೆ, ಆದ್ದರಿಂದ ಅದನ್ನೂ ಉಳಿಸಿಕೊಳ್ಳಿ.

ಈಗ ಪಿಎಸ್‌ಪಿಯನ್ನು ಮಿನಿ ಯುಎಸ್‌ಬಿ ಕೇಬಲ್‌ನಿಂದ ಕಂಪ್ಯೂಟರಿಗೆ ಜೋಡಿಸಿ, ಸೆಟ್ಟಿಂಗ್ಸ್ ಸಾಲಿನಲ್ಲಿರುವ ಯುಎಸ್‌ಬಿ ಕನೆಕ್ಷನ್ ಒತ್ತಿ. ಗೋ ಮಾದರಿಗೆ ಅದರದೇ ಕೇಬಲ್ ಬೇಕು, ಅದರಲ್ಲಿ 16 ಜಿಬಿ ಒಳಸಂಗ್ರಹವೂ ಇದೆ. ಕಂಪ್ಯೂಟರಿನಲ್ಲಿ ತೆರೆದುಕೊಂಡ ಕಿಟಕಿಯನ್ನು ಒಂದು ಕ್ಷಣ ಗಮನಿಸಿ. ಪಿಎಸ್‌ಪಿ, ಮ್ಯೂಸಿಕ್, ಪಿಕ್ಚರ್, ವಿಡಿಯೊ ಎಂಬ ಫೋಲ್ಡರುಗಳು ಕಂಡರೆ ನೀವು ಕಾರ್ಡಿನಲ್ಲಿದ್ದೀರಿ. ಅದರ ಬದಲು ಕೆಡಿ, ವಿಎಸ್‌ಎಚ್, ಫಾಂಟ್, ಡಿಕ್ ಎಂಬ ಫೋಲ್ಡರುಗಳು ಕಂಡರೆ ಏನನ್ನೂ ಮುಟ್ಟದೆ ಹೊರಬನ್ನಿ. ಅದು ಫ್ಲ್ಯಾಶ್ ಸೊನ್ನೆ, ಯಂತ್ರದ ಫರ್ಮ್‌ವೇರ್ ಕುಳಿತಿರುವ ಗರ್ಭಗುಡಿ. ಅಲ್ಲಿ ಒಂದು ಕಡತ ಅಳಿದರೂ ಯಂತ್ರ ಮತ್ತೆ ಏಳದೆ ಇರಬಹುದು. ಸೆಲೆಕ್ಟ್ ಗುಂಡಿ ಒತ್ತಿದಾಗ ಬರುವ ಕಸ್ಟಮ್ ಫರ್ಮ್‌ವೇರಿನ ಮೆನುವಿನಲ್ಲಿ ಯುಎಸ್‌ಬಿ ಡಿವೈಸ್ ಎಂಬಲ್ಲಿ ಮೆಮೊರಿ ಸ್ಟಿಕ್ ಎಂದು ಬದಲಿಸಿ ಮತ್ತೆ ಜೋಡಿಸಿ.

ಕಾರ್ಡಿನಲ್ಲಿರುವ ಪಿಎಸ್‌ಪಿ ಫೋಲ್ಡರಿನ ಒಳಗೆ ಗೇಮ್ ಎಂಬ ಫೋಲ್ಡರಿದೆ. ಇಲ್ಲದಿದ್ದರೆ ಇಂಗ್ಲಿಷಿನ ದೊಡ್ಡ ಅಕ್ಷರಗಳಲ್ಲಿ ನೀವೇ ಮಾಡಿ. ಅದರೊಳಗೆ ಪ್ರತಿ ಆಟಕ್ಕೂ ಒಂದೊಂದು ಫೋಲ್ಡರ್, ಆ ಫೋಲ್ಡರ್ ತೆರೆದ ಕೂಡಲೇ ಇಬೂಟ್.ಪಿಬಿಪಿ (EBOOT.PBP) ಎಂಬ ಕಡತ. ವಿಳಾಸ ಇಷ್ಟೇ: ಪಿಎಸ್‌ಪಿ, ಗೇಮ್, ಆಟದ ಹೆಸರು, ಇಬೂಟ್. ಆಟದ ಫೋಲ್ಡರಿಗೆ ನಿಮಗೆ ಬೇಕಾದ ಹೆಸರಿಡಬಹುದು, ಆದರೆ ಇಬೂಟ್ ಕಡತದ ಹೆಸರನ್ನು ಬದಲಿಸುವಂತಿಲ್ಲ. ಫೋಲ್ಡರಿನ ಹೆಸರನ್ನು ಕನ್ನಡದಲ್ಲಿ ಬರೆಯುವ ಆಸೆಯನ್ನೂ ಬಿಡಬೇಕಾಗುತ್ತದೆ; ಈ ಯಂತ್ರದ ಭಾಷೆಗಳ ಪಟ್ಟಿಯಲ್ಲಿ ಭಾರತದ ಯಾವ ಭಾಷೆಯೂ ಇಲ್ಲ, ಆದ್ದರಿಂದ ಖಾಲಿ ಜಾಗವಿಲ್ಲದ ಚಿಕ್ಕ ಇಂಗ್ಲಿಷ್ ಹೆಸರೇ ಕ್ಷೇಮ.

ಎಡವುವುದು ಜಿಪ್ ಕಡತವನ್ನು ಬಿಚ್ಚುವಾಗ. ಇಳಿಸಿಕೊಂಡ ಜಿಪ್ಪನ್ನು ವಿಂಡೋಸ್ ಬಿಚ್ಚುವಾಗ ಜಿಪ್ಪಿನ ಹೆಸರಿನದೇ ಒಂದು ಫೋಲ್ಡರ್ ಮಾಡುತ್ತದೆ. ಆಟ ಬರೆದವರು ಜಿಪ್ಪಿನೊಳಗೆ ಆಗಲೇ ಒಂದು ಫೋಲ್ಡರ್ ಇಟ್ಟಿರುತ್ತಾರೆ. ಹೀಗೆ ಈರುಳ್ಳಿಯ ಸಿಪ್ಪೆಯಂತೆ ಒಂದರೊಳಗೆ ಒಂದು ಸೇರಿ, ಹೊರಗಿನ ಫೋಲ್ಡರನ್ನು ಹಾಗೆಯೇ ಗೇಮ್ ಒಳಗೆ ಎಳೆದು ಹಾಕಿದರೆ ಇಬೂಟ್ ಕಡತ ಒಂದು ಮೆಟ್ಟಿಲು ಕೆಳಗೆ ಹೋಗಿ ಕೂರುತ್ತದೆ. ಪಿಎಸ್‌ಪಿ ಅಷ್ಟು ಆಳಕ್ಕೆ ಇಳಿಯದೆ ಪರದೆಯ ಮೇಲೆ ಕರಪ್ಟೆಡ್ ಡೇಟಾ ಎಂದು ತೋರಿಸುತ್ತದೆ. ಕೆಟ್ಟದ್ದು ಯಾವುದೂ ಅಲ್ಲಿ ಇರುವುದಿಲ್ಲ, ಆ ಮಾತೇ ದಾರಿ ತಪ್ಪಿಸುವಂಥದು. ಇನ್ನು ಕೆಲವರು ಜಿಪ್ಪಿನೊಳಗೆ ಪಿಎಸ್‌ಪಿ ಫೋಲ್ಡರಿನಿಂದಲೇ ಶುರುಮಾಡಿ ಪೂರ್ತಿ ವಿಳಾಸವನ್ನು ಜೋಡಿಸಿರುತ್ತಾರೆ. ಅದನ್ನು ಕಾರ್ಡಿನ ಬುಡಕ್ಕೆ ಹಾಕಬೇಕು, ಗೇಮ್ ಒಳಗಲ್ಲ. ಆದ್ದರಿಂದ ಜಿಪ್ಪನ್ನು ಮೊದಲು ಕಂಪ್ಯೂಟರಿನಲ್ಲೇ ಬಿಚ್ಚಿ, ಇಬೂಟ್ ಕಡತ ಕಣ್ಣಿಗೆ ಬೀಳುವವರೆಗೆ ಒಳಗೆ ಹೋಗಿ, ಅದು ಇರುವ ಫೋಲ್ಡರನ್ನು ಮಾತ್ರ, ಅದರ ಅಕ್ಕಪಕ್ಕದ ಕಡತಗಳ ಸಮೇತ, ಗೇಮ್ ಒಳಕ್ಕೆ ನಕಲಿಸಿ. ಆ್ಯಪಲ್ ಕಂಪ್ಯೂಟರ್ ಬಳಸುವವರಿಗೆ ಚುಕ್ಕೆಯಿಂದ ಶುರುವಾಗುವ ಚಿಲ್ಲರೆ ಕಡತಗಳೂ ಸೇರಿಕೊಳ್ಳುತ್ತವೆ. ಅವನ್ನು ಅಳಿಸಿದರೆ ನಷ್ಟವಿಲ್ಲ.

ಹಳೆಯ ಆಟಗಳನ್ನು ಇಳಿಸಿಕೊಂಡಾಗ ಒಂದೇ ಹೆಸರಿನ ಎರಡು ಫೋಲ್ಡರುಗಳು, ಅವುಗಳಲ್ಲಿ ಒಂದರ ಹೆಸರಿನಲ್ಲಿ ಶೇಕಡಾ ಚಿಹ್ನೆ ಕಾಣಬಹುದು. ಅದು 1.50 ಫರ್ಮ್‌ವೇರಿನ ಕಾಲದ ಉಪಾಯ. 1.00 ಆವೃತ್ತಿ ಸಹಿಯಿಲ್ಲದ ಕಡತಗಳನ್ನು ಯಾವ ತಕರಾರೂ ಇಲ್ಲದೆ ನಡೆಸುತ್ತಿತ್ತು, 1.50ರಲ್ಲಿ ಆ ಬಾಗಿಲು ಮುಚ್ಚಿದಾಗ ಎರಡು ಫೋಲ್ಡರುಗಳ ಈ ಜೋಡಿಯಿಂದ ಯಂತ್ರದ ಕಣ್ಣಿಗೆ ಮಣ್ಣೆರಚುತ್ತಿದ್ದರು. ಈಗಿನ 6.60 ಅಥವಾ 6.61ರಲ್ಲಿ ಅದರ ಉಪಯೋಗವಿಲ್ಲ. ಅದೇ ಆಟದ ಹೊಸ ಆವೃತ್ತಿ ಇದೆಯೇ ನೋಡಿ. ಇಲ್ಲದಿದ್ದರೆ ಆ ಆಟದ ಆಸೆ ಬಿಡುವುದೇ ಜಾಣತನ.

ಒಂದು ಉದಾಹರಣೆಯನ್ನು ಪೂರ್ತಿ ನೋಡೋಣ. 1993ರಲ್ಲಿ ಬಂದ ಡೂಮ್ ಆಟದ ಮೂಲ ಸಂಕೇತವನ್ನು (ಸೋರ್ಸ್ ಕೋಡ್) ಅದನ್ನು ಬರೆದ ಐಡಿ ಸಾಫ್ಟ್‌ವೇರ್ 1997ರಲ್ಲಿ ಬಹಿರಂಗಪಡಿಸಿತು, ಹಾಗಾಗಿ ಪಿಎಸ್‌ಪಿಗೂ ಅದರ ಹೋಂಬ್ರೂ ರೂಪಗಳು ಬಂದವು. ಇಳಿಸಿಕೊಂಡದ್ದರಲ್ಲಿ ಇಬೂಟ್ ಕಡತವಿರುತ್ತದೆ, ಆದರೆ ಅದು ಎಂಜಿನ್ ಮಾತ್ರ: ಗೋಡೆ, ಬಾಗಿಲು, ರಾಕ್ಷಸರು, ಸದ್ದು ಎಲ್ಲವೂ ವ್ಯಾಡ್ ಎಂಬ ಬೇರೊಂದು ಕಡತದಲ್ಲಿವೆ, ಮತ್ತು ಮಾರಾಟದ ಆಟದ ವ್ಯಾಡ್ ಕಡತವನ್ನು ಯಾರೂ ಜೊತೆಗೆ ಹಂಚುವಂತಿಲ್ಲ. ಮುಕ್ತವಾಗಿ ಹಂಚಲೆಂದೇ ಬಿಟ್ಟ ಶೇರ್‌ವೇರ್ ಆವೃತ್ತಿಯ ವ್ಯಾಡ್ ಸುಮಾರು 4 ಎಂಬಿ ಗಾತ್ರದ್ದು, ಅದರಲ್ಲಿ ಮೊದಲ ಅಧ್ಯಾಯದ ಒಂಬತ್ತು ಹಂತಗಳಿವೆ. ಅದನ್ನು ಆಟದ ಜೊತೆ ಬಂದ ರೀಡ್‌ಮಿ ಕಡತ ಹೇಳುವ ಜಾಗದಲ್ಲಿ, ಅದು ಹೇಳುವ ಹೆಸರಿನಲ್ಲೇ ಇಡಬೇಕು. ಸಾಮಾನ್ಯವಾಗಿ ಅದು ಇಬೂಟ್ ಪಕ್ಕದಲ್ಲೇ ಇರುತ್ತದೆ. ವ್ಯಾಡ್ ಇಲ್ಲದೆ ಆಟ ತೆರೆದರೆ ಪರದೆ ಕಪ್ಪಾಗಿ ನಿಲ್ಲುತ್ತದೆ ಅಥವಾ ಮುಖ್ಯ ಪಟ್ಟಿಗೆ ಮರಳಿ ಬೀಳುತ್ತದೆ. ಹಳೆಯ ಆಟಗಳ ಎಂಜಿನ್ ಆಧರಿಸಿದ ಬಹುಪಾಲು ಹೋಂಬ್ರೂಗಳ ಕಥೆ ಇದೇ. ರೀಡ್‌ಮಿ ಓದುವ ಎರಡು ನಿಮಿಷವನ್ನು ಉಳಿಸಲು ಹೋಗಿ ಒಂದು ಸಂಜೆಯನ್ನೇ ಕಳೆದುಕೊಂಡವರಲ್ಲಿ ನಾನೂ ಒಬ್ಬ.

ನಕಲು ಮುಗಿದ ಕೂಡಲೇ ಕೇಬಲ್ ಕೀಳಬೇಡಿ. ಪಿಎಸ್‌ಪಿಯ ಮೆಮೊರಿ ಸ್ಟಿಕ್ ದೀಪ ಕಿತ್ತಳೆ ಬಣ್ಣದ್ದು. ಕಂಪ್ಯೂಟರ್ ತನ್ನ ಪಟ್ಟಿಯನ್ನು ನೂರಕ್ಕೆ ಮುಟ್ಟಿಸಿದ ಮೇಲೂ ಅದು ಕೆಲವೊಮ್ಮೆ ಮಿನುಗುತ್ತಲೇ ಇರುತ್ತದೆ, ಏಕೆಂದರೆ ಬರವಣಿಗೆ ಇನ್ನೂ ನಡೆಯುತ್ತಿರುತ್ತದೆ. ಕಂಪ್ಯೂಟರಿನಲ್ಲಿ ಇಜೆಕ್ಟ್ ಕೊಟ್ಟು, ದೀಪ ಸುಮ್ಮನಾದದ್ದನ್ನು ನೋಡಿ, ಪಿಎಸ್‌ಪಿಯಲ್ಲಿ ವೃತ್ತದ ಗುಂಡಿ ಒತ್ತಿ ಹೊರಬನ್ನಿ. ಜಪಾನಿನಿಂದ ಬಂದ ಯಂತ್ರಗಳಲ್ಲಿ ಒಪ್ಪಿಗೆಗೆ ವೃತ್ತ, ಹಿಂದಕ್ಕೆ ಎಕ್ಸ್ ಗುರುತಿನ ಗುಂಡಿ ಎಂದು ಅದಲುಬದಲಾಗಿರುತ್ತದೆ.

ಗೇಮ್ ಸಾಲಿನಲ್ಲಿ ಮೆಮೊರಿ ಸ್ಟಿಕ್ ತೆರೆದರೆ ಆಟದ ಚಿಕ್ಕ ಚಿತ್ರ ಕಾಣಬೇಕು. ತೆರೆದ ಆಟ ಕುಂಟುತ್ತಿದ್ದರೆ ಸೆಲೆಕ್ಟ್ ಮೆನುವಿನಲ್ಲಿ ಗೇಮ್ ಸಿಪಿಯು ವೇಗವನ್ನು 222ರಿಂದ 333 ಮೆಗಾಹರ್ಟ್ಸಿಗೆ ಏರಿಸಿ ನೋಡಿ. ಬ್ಯಾಟರಿ ಸ್ವಲ್ಪ ಬೇಗ ಇಳಿಯುತ್ತದೆ. 1000 ಮಾದರಿಯಲ್ಲಿ ರ‍್ಯಾಮ್ 32 ಎಂಬಿ ಮಾತ್ರ, ನಂತರದವುಗಳಲ್ಲಿ 64, ಆದ್ದರಿಂದ ಗೆಳೆಯನ 3000ದಲ್ಲಿ ಓಡಿದ ಆಟ ನಿಮ್ಮ ಹಳೆಯ ಯಂತ್ರದಲ್ಲಿ ನಡುವೆ ನಿಂತರೆ ತಪ್ಪು ನಿಮ್ಮದಲ್ಲದಿರಬಹುದು. ಆಟ ಸಿಕ್ಕಿಹಾಕಿಕೊಂಡು ಹೋಮ್ ಗುಂಡಿಗೂ ಬಗ್ಗದಿದ್ದರೆ ಪವರ್ ಗುಂಡಿಯನ್ನು ಹಿಡಿದು ಪೂರ್ತಿ ಆರಿಸಿ. ಅದರಿಂದ ಯಂತ್ರಕ್ಕೆ ತೊಂದರೆಯಿಲ್ಲ. ಆದರೆ ಯಾವುದೇ ಆಟ ಫ್ಲ್ಯಾಶ್‌ಗೆ ಬರೆಯಲು ಅನುಮತಿ ಕೇಳಿದರೆ ಕೊಡಬೇಡಿ. ಆಟಕ್ಕೆ ಅದರ ಅಗತ್ಯವೇ ಇಲ್ಲ.

ಬೇಡವಾದ ಆಟವನ್ನು ತೆಗೆಯಲು ಅದರ ಮೇಲೆ ನಿಂತು ತ್ರಿಕೋನದ ಗುಂಡಿ ಒತ್ತಿ ಡಿಲೀಟ್ ಆರಿಸಿದರೆ ಸಾಕು. ಅಂಗಡಿಯ ಆಟಗಳು ತಮ್ಮ ಪ್ರಗತಿಯನ್ನು ಸೇವ್‌ಡೇಟಾ ಫೋಲ್ಡರಿನಲ್ಲಿ ಬೇರೆಯಾಗಿ ಇಡುತ್ತವೆ, ಆಟ ಹೋದರೂ ಅದು ಉಳಿಯುತ್ತದೆ. ಹೋಂಬ್ರೂ ಆಟಗಳಲ್ಲಿ ಅನೇಕವು ತಮ್ಮದೇ ಫೋಲ್ಡರಿನೊಳಗೆ ಬರೆದಿಡುವುದರಿಂದ ಫೋಲ್ಡರಿನ ಜೊತೆ ಅದೂ ಹೋಗುತ್ತದೆ. ಮುಂದೆಂದಾದರೂ ಬೇಕಾಗಬಹುದು ಎನಿಸಿದರೆ ಅಳಿಸುವ ಮೊದಲು ಇಡೀ ಫೋಲ್ಡರನ್ನು ಕಂಪ್ಯೂಟರಿಗೆ ನಕಲಿಸಿಡಿ. ಮತ್ತೆ ಆಡಬೇಕೆನಿಸಿದಾಗ ಅದನ್ನೇ ತಂದು ಗೇಮ್ ಒಳಗೆ ಇಟ್ಟರೆ ಆಟ ಬಿಟ್ಟಲ್ಲಿಂದಲೇ ಶುರುವಾಗುತ್ತದೆ.