ತೊಂಬತ್ತು ದಿನ ದಾಟುವವರೆಗೆ ಸುಮ್ಮನಿದ್ದೆ: ಅಮಾನತು ತೆರವಾದ ನನ್ನ ಅನುಭವ

ಬಗರ್‌ಹುಕುಂ (ಸರ್ಕಾರಿ ಜಮೀನಿನ ಅನಧಿಕೃತ ಸಾಗುವಳಿ ಸಕ್ರಮ) ಕಡತವೊಂದು ನನ್ನ ಸುಪರ್ದಿನಿಂದ ಕಾಣೆಯಾಗಿದೆ ಎಂದು ‘ಇಲಾಖಾ ವಿಚಾರಣೆ ಕಾಯ್ದಿರಿಸಿ’, ಅಂದರೆ ವಿಚಾರಣೆ ಆಮೇಲೆ ಎಂದಿಟ್ಟುಕೊಂಡು, ಸರ್ಕಾರಿ ಗುಮಾಸ್ತನಾದ ನನ್ನನ್ನು ಅಮಾನತು ಮಾಡಿದಾಗ ನೌಕರರ ಸಂಘದ ಹಿರಿಯರು ಹೇಳಿದ್ದು ಒಂದೇ ಮಾತು: ‘ಅಮಾನತು ಶಿಕ್ಷೆಯಲ್ಲಪ್ಪಾ, ಅದಕ್ಕೆ ಯಾವ ಕೋರ್ಟೂ ಕೈ ಹಾಕುವುದಿಲ್ಲ. ವರ್ಷ ಮನೆಯಲ್ಲಿ ಕೂತಿರು, ಇಲ್ಲವೇ ಶಾಸಕರ ಮನೆ ಬಾಗಿಲು ಕಾಯಿ.’ ನಾನು ಎರಡನ್ನೂ ಮಾಡಲಿಲ್ಲ. ಐದೂವರೆ ತಿಂಗಳಿಗೆ ಹಾಜರಿ ಪುಸ್ತಕದಲ್ಲಿ ಸಹಿ ಹಾಕಿದೆ.

ಮೊದಲ ಎರಡು ಪ್ರಯತ್ನಗಳು ಮಣ್ಣುಪಾಲಾದವು. ಅವಸರಕ್ಕೆ ಬಿದ್ದು ನೇರವಾಗಿ ಧಾರವಾಡ ಹೈಕೋರ್ಟ್ ಪೀಠಕ್ಕೆ ಹೋದೆ. ಸುಪ್ರೀಂ ಕೋರ್ಟಿನ 1997ರ ಚಂದ್ರಕುಮಾರ್ ತೀರ್ಪಿನ ನಂತರ ನಮ್ಮಂಥ ಸರ್ಕಾರಿ ನೌಕರರು ಮೊದಲು ಕೆಎಟಿ (ಕರ್ನಾಟಕ ಆಡಳಿತ ನ್ಯಾಯಮಂಡಳಿ) ಮೆಟ್ಟಿಲು ಹತ್ತಬೇಕೆಂಬುದು ಗುಮಾಸ್ತನಾದ ನನಗೇ ಗೊತ್ತಿತ್ತು, ವಕೀಲರು ‘ನೋಡೋಣ’ ಎಂದರು. ಅರ್ಜಿ ಹಿಂಪಡೆಯುವಷ್ಟರಲ್ಲಿ 15 ಸಾವಿರ ಹೋಯಿತು. ಆಮೇಲೆ ಕೆಎಟಿಯ ಬೆಳಗಾವಿ ಪೀಠ. ಕಡತ ಯಾವ ಮೇಜಿನಿಂದ ಯಾವ ಮೇಜಿಗೆ ಹೋಯಿತೆಂದು ಕನ್ನಡದಲ್ಲಿ ಹದಿನಾಲ್ಕು ಪುಟ ಬರೆದುಕೊಟ್ಟಿದ್ದೆ. ತಪ್ಪು ಯಾರದೆಂಬುದು ವಿಚಾರಣೆಯಲ್ಲಿ ತಿಳಿಯಲಿ ಎಂದರು, ತಡೆಯಾಜ್ಞೆ ಸಿಗಲಿಲ್ಲ. ಇನ್ನೊಂದು 20 ಸಾವಿರ.

ಎರಡನೆಯ ವಕೀಲರು ಹಳೆಯ ಹುಲಿ. ಹದಿನಾಲ್ಕು ಪುಟವನ್ನು ಪಕ್ಕಕ್ಕೆ ಸರಿಸಿ, ‘ಆದೇಶ ಕೈಗೆ ಬಂದ ತಾರೀಖು ಹೇಳಿ’ ಎಂದರು. ಸುಪ್ರೀಂ ಕೋರ್ಟಿನ 2015ರ ಅಜಯ್ ಕುಮಾರ್ ಚೌಧರಿ ಪ್ರಕರಣ ನಮ್ಮ ನೌಕರರಲ್ಲಿ ಎಲ್ಲರಿಗೂ ಗೊತ್ತು: ಮೂರು ತಿಂಗಳೊಳಗೆ ದೋಷಾರೋಪಣಾ ಪಟ್ಟಿ (ನೌಕರನ ಮೇಲಿನ ಆರೋಪಗಳ ಲಿಖಿತ ಪಟ್ಟಿ) ಜಾರಿಯಾಗದಿದ್ದರೆ ಅಮಾನತು ಮುಂದುವರಿಸುವಂತಿಲ್ಲ. ಆದರೆ ಆ ಚೌಧರಿಗೇ ಅದರ ಲಾಭ ಸಿಗಲಿಲ್ಲ, ಅಷ್ಟರಲ್ಲಿ ಅವರಿಗೆ ಪಟ್ಟಿ ತಲುಪಿತ್ತು ಎಂಬುದನ್ನು ಎಷ್ಟು ಜನ ಓದಿದ್ದಾರೆ? ನಾವು ವಾರಕ್ಕೊಂದು ಮನವಿ ಕೊಟ್ಟು ಇಲಾಖೆಯನ್ನು ಎಬ್ಬಿಸುತ್ತೇವೆ, ಅವರು ಎದ್ದು ಮೂರು ತಿಂಗಳು ತುಂಬುವ ಮೊದಲೇ ಪಟ್ಟಿ ಕಳುಹಿಸುತ್ತಾರೆ. ನಾನು ಬಾಯಿ ಮುಚ್ಚಿಕೊಂಡೆ. ಕಚೇರಿಯ ಕಡೆ ತಲೆ ಹಾಕಲಿಲ್ಲ. ಸೋತ ಎಂದು ಕ್ಯಾಂಟೀನಿನಲ್ಲಿ ನಕ್ಕರಂತೆ, ನಗಲಿ.

ಆ ದಿನಗಳಲ್ಲಿ ಕಾಡಿದ್ದು ಹಣ. ಕೈಗೆ ಬರುತ್ತಿದ್ದ 40 ಚಿಲ್ಲರೆ ಸಾವಿರ, ಜೀವನಾಧಾರ ಭತ್ಯೆಯಾಗಿ 20ರ ಆಸುಪಾಸಿಗೆ ಇಳಿಯಿತು. ಅದೂ ಮೊದಲ ಎರಡು ತಿಂಗಳು ಬರಲಿಲ್ಲ, ಬೇರೆಲ್ಲೂ ದುಡಿಯುತ್ತಿಲ್ಲ ಎಂಬ ಪ್ರಮಾಣಪತ್ರ ತಲುಪಿಲ್ಲವೆಂದು ಕಚೇರಿಯಲ್ಲಿ ನನ್ನ ಕಡತ ನೋಡುವ ವಿಷಯ ನಿರ್ವಾಹಕರ ಸಬೂಬು. ಅಂದಿನಿಂದ ಪ್ರತಿ ತಿಂಗಳು ಆ ಪ್ರಮಾಣಪತ್ರ ನೋಂದಾಯಿತ ಅಂಚೆಯಲ್ಲಿ. ನಮ್ಮ ಕೋಲಾರ ಚಿನ್ನದ ಗಣಿಯ ಪಾಲ್ ಆಂಟನಿ ಪ್ರಕರಣದಲ್ಲಿ ಸುಪ್ರೀಂ ಕೋರ್ಟ್ 1999ರಲ್ಲಿ ಈ ಭತ್ಯೆಯ ಬಗ್ಗೆ ಹೇಳಿದ್ದನ್ನು ಒಂದು ಸಾಲಿನಲ್ಲಿ ನೆನಪಿಸಿದೆ, ಮರುವಾರ ಬಿಲ್ಲು ಪಾಸಾಯಿತು. ಈ ನಡುವೆ ಮಾಹಿತಿ ಹಕ್ಕಿನಲ್ಲಿ ನನ್ನ ಅಮಾನತಿನ ಬಗ್ಗೆ ಅಧಿಕಾರಿಗಳು ಬರೆದ ಟಿಪ್ಪಣಿ ಹಾಳೆ ಕೇಳುವ ಹುಚ್ಚೂ ಹತ್ತಿತ್ತು. ಅರ್ಜಿ ಬರೆದು ಹರಿದುಹಾಕಿದೆ, ಅದೂ ಅವರನ್ನು ಎಬ್ಬಿಸುವ ಕೆಲಸವೇ. ಕೇಂದ್ರಸ್ಥಾನ (ಅಮಾನತಿನಲ್ಲಿ ಇರಬೇಕೆಂದು ಗೊತ್ತುಮಾಡಿದ ಊರು) ಬಿಡಲು ಮಾತ್ರ ಪ್ರತಿ ಸಲವೂ ಅನುಮತಿ ಕೇಳಿಯೇ ಹೋದೆ.

ಆದೇಶ ಕೈಗೆ ಬಂದ 92ನೇ ದಿನ ಇಲಾಖೆಗೆ ಒಂದೂವರೆ ಪುಟದ ಮನವಿ ಕೊಟ್ಟೆ. ಅದರ ಕೊನೆಯ ಪ್ಯಾರಾದಲ್ಲಿ ಏನು ಕೇಳಿದೆನೆಂಬುದು ನನ್ನ ಮತ್ತು ವಕೀಲರ ನಡುವೆ ಇರಲಿ. ಐದೇ ದಿನಕ್ಕೆ ದೋಷಾರೋಪಣಾ ಪಟ್ಟಿ ಬಂತು, ಅದರ ಮೇಲೆ 88ನೇ ದಿನದ ತಾರೀಖು! ಲಕೋಟೆಯ ಮೇಲಿನ ಅಂಚೆ ಮುದ್ರೆ 95ನೇ ದಿನದ್ದು, ಅಂದರೆ ಮೂರು ತಿಂಗಳು ದಾಟಿದ ಮೇಲಿನದು. ಹೆಂಡತಿ ಲಕೋಟೆಯನ್ನು ಒಲೆಗೆ ಹಾಕುವವಳಿದ್ದಳು, ಕಸಿದುಕೊಂಡೆ. ಕಚೇರಿಯಿಂದ ಹೊರಹೋಗುವ ಕಾಗದಗಳನ್ನು ದಾಖಲಿಸುವ ರವಾನೆ ವಹಿಯ ನಕಲೂ ಸಿಕ್ಕಿತು, ಹೇಗೆಂದು ಕೇಳಬೇಡಿ.

ಕೆಎಟಿಗೆ ಈ ಸಲದ ಅರ್ಜಿ ನಾಲ್ಕು ಪುಟ, ಕಡತದ ಸುದ್ದಿಯೇ ಇಲ್ಲ, ಬರೀ ತಾರೀಖುಗಳು. ಸರ್ಕಾರಿ ವಕೀಲರು ಲಕೋಟೆಯನ್ನು ತಿರುಗಿಸಿ ತಿರುಗಿಸಿ ನೋಡಿದರು. ನಾಲ್ಕು ವಾರದೊಳಗೆ ಕಾರಣ ಸಹಿತ ಮರುಪರಿಶೀಲಿಸಿ ಎಂದು ಆದೇಶವಾಯಿತು. ಬರೆಯಲು ಕಾರಣ ಇರಲಿಲ್ಲವೇನೋ, ಆ ಆದೇಶದ 26ನೇ ದಿನ ಅಮಾನತು ತೆರವುಗೊಳಿಸಿ ಪಕ್ಕದ ತಾಲ್ಲೂಕಿಗೆ ಹಾಕಿದರು.

ಒಟ್ಟು ಖರ್ಚು 70 ಸಾವಿರ ಮುಟ್ಟಿರಬೇಕು. ಅಮಾನತು ಅವಧಿಯ ಉಳಿದ ಸಂಬಳ ವಿಚಾರಣೆ ಮುಗಿದ ಮೇಲೆ. ವಿಚಾರಣೆ ನಡೆಯುತ್ತಿದೆ, ಹದಿನಾಲ್ಕು ಪುಟ ಈಗ ಅಲ್ಲಿ ಕೆಲಸಕ್ಕೆ ಬಂದಿದೆ. ಕಡತ ಮಾತ್ರ ಇನ್ನೂ ಸಿಕ್ಕಿಲ್ಲ.